ಏಳಬೇಡ ಅಂದವಳು ನಾನೇ

ಪಕ್ಕದ ಮನೆಯ ಮುದುಕ ಕುರ್ಚಿಯಿಂದ ಏಳಲು ಹೋದ. ನಾನು ಅವನ ಹೆಗಲ ಮೇಲೆ ಕೈಯಿಟ್ಟು ಅದುಮಿ ಕೂರಿಸಿದೆ. ಮಿಕ್ಕಿದ್ದನ್ನು ಹೇಳುವ ಮೊದಲು ಇದನ್ನು ಹೇಳಿಬಿಡುತ್ತೇನೆ. ಕಡೆಯಲ್ಲಿ ಹೇಳಿದರೆ ಮುಚ್ಚಿಟ್ಟುಕೊಂಡಿದ್ದಳು ಅನ್ನುತ್ತೀರಿ. ಮುಚ್ಚಿಟ್ಟುಕೊಂಡೂ ಇದ್ದೆ, ಒಂದು ಮಧ್ಯಾಹ್ನದ ಸ್ವಲ್ಪ ಹೊತ್ತು. ಆ ಸ್ವಲ್ಪ ಹೊತ್ತೇ ಈಗಲೂ ನನ್ನನ್ನು ತಿನ್ನುತ್ತಿರುವುದು.

ನಾವಿರುವುದು ಹರ್ನ್‌ಡನ್‌ನಲ್ಲಿ, ಒಂದಕ್ಕೊಂದು ಅಂಟಿಕೊಂಡ ಸಾಲುಮನೆಗಳಲ್ಲಿ ಒಂದರಲ್ಲಿ. ನಡುವೆ ಒಂದೇ ಗೋಡೆ. ಮಗಳು ನದಿಯಾಚೆ ರಾಕ್‌ವಿಲ್‌ನ ಲ್ಯಾಬೊಂದಕ್ಕೆ ಹೋಗುತ್ತಾಳೆ, ಅಳಿಯ ತಿಂಗಳಲ್ಲಿ ಎರಡು ವಾರ ಅಟ್ಲಾಂಟಾದಲ್ಲಿರುತ್ತಾನೆ. ನಾನು ಆರು ತಿಂಗಳಿಗೆಂದು ಬಂದವಳು. ಕೊರೊನಾ ಬಂದು ವಿಮಾನ ನಿಂತವು, ಆಮೇಲೆ ಇವರೇ ಕಾಗದಪತ್ರ ಮಾಡಿಸಿ ಉಳಿಸಿಕೊಂಡರು. ಮೊಮ್ಮಗಳಿಗೆ ಹದಿಮೂರು. ಅವಳು ಸ್ಕೂಲಿಂದ ಬಂದಾಗ ಮನೆಯಲ್ಲಿ ಯಾರಾದರೂ ಇರಬೇಕಲ್ಲ, ಆ ಯಾರಾದರೂ ನಾನು.

ಪಕ್ಕದವರು ಟರ್ಕಿ ದೇಶದವರು, ಇಸ್ತಾಂಬುಲ್ ಊರಿನವರು. ಗಂಡ, ಹೆಂಡತಿ, ಒಬ್ಬ ಮಗ. ಮಗ ವಿಮಾನ ನಿಲ್ದಾಣದಲ್ಲಿ ವಿಮಾನಗಳ ರೆಕ್ಕೆಯ ಮೇಲಿನ ಹಿಮಗಡ್ಡೆಯನ್ನು ಬಿಸಿನೀರಿನಂಥದ್ದು ಹೊಡೆದು ತೊಳೆಯುವ ಕೆಲಸ ಮಾಡುತ್ತಾನೆ. ಮುದುಕ ನನಗಿಂತ ಮೂರು ವರ್ಷಕ್ಕೆ ದೊಡ್ಡವನು, ಆದರೂ ನಾನು ಅವನನ್ನು ಮುದುಕ ಅಂತಲೇ ಅನ್ನುವುದು. ಅವನು ನನ್ನನ್ನು ಏನನ್ನುತ್ತಿದ್ದನೋ ಗೊತ್ತಿಲ್ಲ. ಅವನಿಗೆ ಟರ್ಕಿ ಮಾತು, ನನಗೆ ಕನ್ನಡ, ನಡುವೆ ಹತ್ತಿಪ್ಪತ್ತು ಇಂಗ್ಲಿಷ್ ಪದ. ಇಬ್ಬರೂ ನಮ್ಮ ನಮ್ಮ ಮಾತನ್ನೇ ಜೋರಾಗಿ ಆಡುತ್ತಿದ್ದೆವು. ಸಾಕಾಗುತ್ತಿತ್ತು.

ಆ ಊರಿನಲ್ಲಿ ಎರಡು ಫುಟ್‌ಬಾಲ್ ಕ್ಲಬ್ಬುಗಳಿಗೆ ಒಂದನ್ನು ಕಂಡರೆ ಇನ್ನೊಂದಕ್ಕೆ ಆಗದು. ಹೆಸರುಗಳು ನನ್ನ ನಾಲಿಗೆಗೆ ಹೊರಳುವುದಿಲ್ಲ. ನನಗೆ ಒಂದು ನೀಲಿ, ಒಂದು ಕೆಂಪು, ಅಷ್ಟೆ. ಮುದುಕ ನೀಲಿಯವನು, ಅವನ ಹೆಂಡತಿ ಕೆಂಪಿನವಳು. ಮದುವೆಯಾದ ವರ್ಷದಿಂದ ಆ ಮನೆಯಲ್ಲಿ ಒಂದು ಕಟ್ಟಳೆ. ನೀಲಿಗೂ ಕೆಂಪಿಗೂ ಆಟ ಇರುವ ದಿನ ಬೆಳಗಿನ ತಿಂಡಿ ಮುಗಿಸಿ ಎದ್ದರೆ, ಆಟ ಮುಗಿಯುವವರೆಗೆ ಗಂಡ ಹೆಂಡತಿ ಒಬ್ಬರ ಮುಖ ಒಬ್ಬರು ನೋಡುವುದಿಲ್ಲ, ಮಾತಾಡುವುದಿಲ್ಲ. ಅವನು ಕೆಳಗೆ ಬೇಸ್‌ಮೆಂಟ್‌ನಲ್ಲಿ ಟಿವಿ ಮುಂದೆ. ಅವಳು ಮೇಲೆ ಅಡುಗೆಮನೆಯಲ್ಲಿ ಫೋನು ನಿಲ್ಲಿಸಿಕೊಂಡು. ಕೆಂಪು ಗೋಲು ಹೊಡೆದರೆ ಅವಳು ತಾಮ್ರದ ತಟ್ಟೆಯನ್ನು ಸೌಟಿನಿಂದ ಬಡಿಯುತ್ತಾಳೆ. ನೀಲಿ ಹೊಡೆದರೆ ಅವನು ಊರುಗೋಲು ಎತ್ತಿ ಸೂರು ಕುಟ್ಟುತ್ತಾನೆ. ನಮ್ಮ ಮನೆಗೂ ಕೇಳಿಸುತ್ತಿತ್ತು. ಮೊದಮೊದಲು ಜಗಳ ಅಂದುಕೊಂಡಿದ್ದೆ.

ನಾನು ಅದರೊಳಗೆ ಸೇರಿಕೊಂಡದ್ದು ಒಂದು ಪಾತ್ರೆಯಿಂದ. ಅವಳು ಕೊಟ್ಟ ಸೊಪ್ಪಿನ ರೊಟ್ಟಿಯ ತಟ್ಟೆಯಲ್ಲಿ ನಿಪ್ಪಟ್ಟು ಹಾಕಿ ವಾಪಸು ಕೊಡಲು ಹಿಂಬಾಗಿಲಿಂದ ಹೋದೆ. ಹಿಂಬಾಗಿಲು ಬೇಸ್‌ಮೆಂಟ್‌ಗೇ ತೆರೆಯುತ್ತದೆ. ಮಂಡಿ ನೋಯುತ್ತಿತ್ತು, ಕಿಟಕಿಯ ಪಕ್ಕದ ಕುರ್ಚಿಯಲ್ಲಿ ಕುಳಿತೆ. ಕುಳಿತ ಗಳಿಗೆಗೆ ನೀಲಿಯವರು ಗೋಲು ಹೊಡೆದರು. ಮುದುಕ ನನ್ನನ್ನು ನೋಡಿದ, ಕುರ್ಚಿಯನ್ನು ನೋಡಿದ, ಬೆರಳು ಆಡಿಸಿ ಅಲ್ಲೇ ಇರು ಅಂದ. ನನಗೆ ಯಾರೂ ಬಿಡಿಸಿ ಹೇಳಬೇಕಾಗಿರಲಿಲ್ಲ.

ನನ್ನ ಗಂಡ ಕ್ರಿಕೆಟ್ಟಿನ ಹುಚ್ಚ. ರೇಡಿಯೋದಲ್ಲಿ ಕಾಮೆಂಟರಿ ಬರುವಾಗ ಯಾರು ಯಾವ ಜಾಗದಲ್ಲಿ ಹೇಗಿದ್ದರೋ ಹಾಗೇ ಇರಬೇಕು. ಒಂದು ಸಲ ನಾನು ಮೊರ ಹಿಡಿದು ಹೊಸ್ತಿಲ ಮೇಲೆ ಒಂದು ಕಾಲಿಟ್ಟಿದ್ದಾಗ ನಮ್ಮವರು ಚೆನ್ನಾಗಿ ಆಡತೊಡಗಿದರು. ಒಂದು ಗಂಟೆ ಹೊತ್ತು ನನ್ನನ್ನು ಅಲ್ಲಿಂದ ಅಲ್ಲಾಡಿಸಲಿಲ್ಲ. ಒಳಗೆ ಹಾಲು ಉಕ್ಕಿ ಒಲೆ ಆರಿತು. "ಹಾಲ್ ಹೋದ್ರೆ ಹೋಗ್ಲಿ, ವಿಕೆಟ್ ಹೋಗ್ಬಾರ್ದು" ಅಂದಿದ್ದರು. ಎದ್ದವರಿಂದಲೇ ವಿಕೆಟ್ ಬೀಳುವುದು ಅಂತ ನಮ್ಮ ಮನೆಯಲ್ಲಿ ಮಕ್ಕಳಿಗೂ ಗೊತ್ತಿತ್ತು. ಬೈಯುತ್ತಲೇ ನಾನೂ ಅದನ್ನು ನಂಬಿದ್ದೆ.

ಮುದುಕನಿಗೆ ಅಲ್ಲಿಯವರೆಗೆ ಅವನದೇ ಒಂದು ಶಾಸ್ತ್ರ ಇತ್ತು, ಏನೋ ನೀಲಿ ಕಾಲುಚೀಲ. ಕೂತ ಜಾಗ ಬಿಟ್ಟು ಏಳಬಾರದು ಅನ್ನುವ ರೋಗ ಅಂಟಿಸಿದವಳು ನಾನು. ಆಟದ ದಿನ ಅವನೇ ಗೋಡೆ ತಟ್ಟಿ ಕರೆಯುತ್ತಿದ್ದ. ನನ್ನ ಕುರ್ಚಿ ನನಗೆ, ಅವನ ಕುರ್ಚಿ ಅವನಿಗೆ. ಅವನು ಎದ್ದರೆ ನಾನು ಬೈಯುತ್ತಿದ್ದೆ, ನಾನು ಎದ್ದರೆ ಅವನು.

ಆ ದಿನದ್ದು ಕಪ್ಪಿನ ಆಟ. ಸೋತವರು ಕಪ್ಪಿನಿಂದ ಹೊರಗೆ, ಡ್ರಾ ಅನ್ನುವುದು ಇಲ್ಲ ಅಂತ ಮೊಮ್ಮಗಳು ಹೇಳಿದಳು. ಅವಳೂ ಸ್ಕೂಲಿನಲ್ಲಿ ಆಡುತ್ತಾಳೆ. ಹಿಂದಿನ ರಾತ್ರಿಯಿಂದ ಹಿಮ ಸುರಿದು ಸ್ಕೂಲಿಗೆ ರಜೆ. ಮಗಳು ಮಾತ್ರ ಬೆಳಗ್ಗೆಯೇ ಹೊರಟಿದ್ದಳು. ಲ್ಯಾಬಿನಲ್ಲಿ ಬೆಳೆಸುತ್ತಿರುವ ಜೀವಕೋಶಗಳಿಗೆ ಹೊತ್ತು ಹೊತ್ತಿಗೆ ಆಹಾರ ಹಾಕಬೇಕಂತೆ. ಹಿಮ ಬಿದ್ದರೂ ಅವಕ್ಕೆ ಹಸಿವು. ಇಸ್ತಾಂಬುಲ್‌ನಲ್ಲಿ ರಾತ್ರಿಯ ಆಟ ನಮಗೆ ಮಧ್ಯಾಹ್ನ ಊಟದ ಹೊತ್ತಿಗೆ ಶುರು. ನಾನೂ ಮೊಮ್ಮಗಳೂ ಹಿಮ ತುಳಿದುಕೊಂಡು ಹಿಂಬಾಗಿಲಿಗೆ ಹೋದೆವು.

ಮುದುಕ ಅವತ್ತು ಗಟ್ಟಿಯಾಗಿದ್ದ. ಇದನ್ನು ನಾನು ಆಮೇಲೆ ಎಷ್ಟು ಸಲ ನೆನೆದುಕೊಂಡೆನೋ. ಗಡ್ಡ ಹೆರೆದಿದ್ದ, ನಿಪ್ಪಟ್ಟು ಕಟಕಟ ಅಗಿದ, ಸಣ್ಣ ಗಾಜಿನ ಲೋಟದಲ್ಲಿ ಚಹಾ ಸುರಿದು ಕೊಟ್ಟ, ರೆಫರಿಯನ್ನು ಬೈದ. ಮೊದಲರ್ಧ ಯಾರೂ ಗೋಲು ಹೊಡೆಯಲಿಲ್ಲ. ಎರಡನೆಯ ಅರ್ಧ ಶುರುವಾಗಿ ಸ್ವಲ್ಪ ಹೊತ್ತಿಗೆ ಮುದುಕ ಬಾತ್‌ರೂಮಿಗೆ ಎದ್ದ. ಅವನು ಒಳಗೆ ಹೋದದ್ದೇ ತಡ, ಕೆಂಪಿನವರು ಗೋಲು ಹೊಡೆದರು. ಮೇಲಿನಿಂದ ತಟ್ಟೆ ಬಡಿದ ಸದ್ದು ಶುರುವಾಯಿತು. ನಿಲ್ಲಲೇ ಇಲ್ಲ.

ಅವನು ಪ್ಯಾಂಟು ಎಳೆದುಕೊಳ್ಳುತ್ತ ಓಡಿ ಬಂದ.

"ನೋಡ್ದ್ಯಾ, ಎದ್ದೆ, ಹೋಯ್ತು. ಇನ್ಮೇಲೆ ಸತ್ರೂ ಏಳ್ಬೇಡ" ಅಂದೆ ನಾನು.

ಕನ್ನಡದಲ್ಲೇ ಅಂದೆ. ಅವನಿಗೆ ಅರ್ಥವಾಯಿತು. ಕಿವಿ ಹಿಡಿದುಕೊಂಡು ತೋರಿಸಿ ಕುಳಿತ.

ಆಮೇಲೆ ಅರ್ಧ ಗಂಟೆ ಹತ್ತಿರ ನೀಲಿಯವರಿಗೆ ಏನೂ ಕೈಗೂಡಲಿಲ್ಲ. ಮುದುಕನ ಮುಖ ನೋಡಲು ಆಗುತ್ತಿರಲಿಲ್ಲ. ಅವನು ಕೋಲು ನೆಲಕ್ಕೆ ಕುಟ್ಟಿ, ಬಾಯಿ ತುಂಬ ಬೈದು, ನನ್ನ ಕಡೆ ತಿರುಗಿ ಎರಡೂ ಕೈ ಎತ್ತಿ ನ್ಯಾಯ ಕೇಳಿದ. ಎರಡೂ ಕೈ. ಅದಾಗಿ ಒಂದು ನಿಮಿಷಕ್ಕೆ ನೀಲಿಯವರ ಗೋಲು ಬಿತ್ತು. ಮೊಮ್ಮಗಳು ಕುಣಿದಳು, ಗೆಳತಿಗೆ ಫೋನಿನಲ್ಲಿ ಏನೋ ಒತ್ತಿದಳು. ನಾನು ಸೂರು ಕುಟ್ಟುವ ಸದ್ದಿಗೆ ಕಾದೆ.

ಕುಟ್ಟಲಿಲ್ಲ. ಕೋಲು ನೆಲದ ಮೇಲೆ ಬಿದ್ದಿತ್ತು. ಚಹಾದ ಲೋಟ ಅವನ ಕೈಯಿಂದ ಜಾರಿ ಕಾರ್ಪೆಟ್ಟಿನ ಮೇಲೆ ಉರುಳಿತ್ತು. ಅವನು ನನ್ನನ್ನು ನೋಡಿ ನಕ್ಕ. ನಗು ಒಂದೇ ಕಡೆಗೆ ಇತ್ತು. ಸಂತೋಷಕ್ಕೆ ಹಾಗಾಗಿದೆ ಅಂದುಕೊಂಡೆ. ಅಂದುಕೊಂಡೆನೋ, ಹಾಗೆ ಅಂದುಕೊಳ್ಳಲು ನನಗೇ ಬೇಕಿತ್ತೋ.

ಅವನು ಎಡಗೈಯನ್ನು ಕುರ್ಚಿಯ ತೋಳಿಗೆ ಊರಿ ಏಳಲು ಹೋದ. ನಾನು ನನ್ನ ಕುರ್ಚಿಯಿಂದ ಪೂರಾ ಏಳದೆ, ಅದೂ ತಪ್ಪಾಗುತ್ತದಲ್ಲ, ಬಾಗಿ ಅವನ ಹೆಗಲು ಹಿಡಿದೆ.

"ಏಳ್ಬೇಡ ಕಣಯ್ಯ. ಕೂತ್ಕೋ. ಎದ್ರೆ ಹೋಗತ್ತೆ."

ಕುಳಿತ. ಬಾಯಿಂದ ಏನೋ ಒಂದು ಶಬ್ದ ಬಂತು. ಟರ್ಕಿ ಮಾತು ಅಂದುಕೊಂಡೆ.

ಮೊಮ್ಮಗಳು ಫೋನಿನಿಂದ ತಲೆ ಎತ್ತಿದಳು. "ಅಜ್ಜಿ, ಅಂಕಲ್ ಓಕೆ ಇದಾರಾ? ಹಿಸ್ ಫೇಸ್ ಈಸ್ ವಿಯರ್ಡ್."

"ಸುಮ್ನಿರೇ. ಇನ್ನು ಹತ್ತೇ ನಿಮಿಷ."

ಹತ್ತು ನಿಮಿಷ ಅಲ್ಲ. ಒಂದಕ್ಕೆ ಒಂದು ಆಗಿ ಆಟ ಮುಗಿಯಿತು. ಕಪ್ಪಿನ ಆಟ, ಯಾರಾದರೂ ಸೋಲಲೇಬೇಕು, ಇನ್ನರ್ಧ ಗಂಟೆ ಆಡಿಸಿದರು. ಆಗಲೂ ಮುಗಿಯಲಿಲ್ಲ. ಆಮೇಲೆ ಒಬ್ಬೊಬ್ಬರಾಗಿ ಬಂದು ಒದೆಯುವುದು. ಆ ಹೊತ್ತೆಲ್ಲ ಅವನು ಕೂತೇ ಇದ್ದ. ನಾನು ಟಿವಿ ನೋಡಿದೆ. ನಡುನಡುವೆ ಅವನ ಕಡೆ ನೋಡಬೇಕು ಅನ್ನಿಸಿತು, ನೋಡಲಿಲ್ಲ. ಯಾಕೆಂದು ಕೇಳಿದರೆ ಆಟ ಅನ್ನುತ್ತೇನೆ. ಆಟ ಒಂದೇ ಅಲ್ಲ. ನೋಡಿದರೆ ಗೊತ್ತಾಗಿಬಿಡುತ್ತದೆ ಅನ್ನುವುದು ಹೊಟ್ಟೆಯೊಳಗೆ ಎಲ್ಲೋ ಇತ್ತು.

ಕೊನೆಯ ಒದೆತವನ್ನು ನೀಲಿಯ ಗೋಲು ಕಾಯುವವನು ಹಾರಿ ತಡೆದ. ನೀಲಿ ಗೆದ್ದಿತು. ನಾನು ತಿರುಗಿ ನೋಡಿದೆ. ಮುದುಕನ ತಲೆ ಒಂದು ಪಕ್ಕಕ್ಕೆ ವಾಲಿತ್ತು. ಕಣ್ಣು ತೆರೆದಿತ್ತು, ನನ್ನ ಮೇಲೇ ಇತ್ತು. ಬಲಗೈ ಬೇರೆ ಯಾರದೋ ಕೈ ತಂದು ತೊಡೆಯ ಮೇಲೆ ಇಟ್ಟ ಹಾಗೆ ಬಿದ್ದಿತ್ತು. ಬಾಯಿಯ ಒಂದು ಮೂಲೆಯಿಂದ ಜೊಲ್ಲು ಇಳಿದು ನೀಲಿ ಶಾಲು ಒದ್ದೆಯಾಗಿತ್ತು.

ಮೇಲಿನಿಂದ ಹೆಂಡತಿ ಇಳಿದು ಬಂದಳು. ಸೋತ ಸಿಟ್ಟು ಮುಖದ ಮೇಲೇ ಇತ್ತು, ಕೈಯಲ್ಲಿ ಸೌಟು. ಮೆಟ್ಟಿಲ ಮೇಲಿಂದಲೇ ಏನೋ ಹಂಗಿಸುತ್ತ ಬಂದಳು. ಅವನು ಯಾಕೆ ಸೂರು ಕುಟ್ಟಲಿಲ್ಲ ಅಂತ ಕೇಳಿದ್ದಿರಬೇಕು, ಸೌಟು ಎತ್ತಿ ಸೂರು ತೋರಿಸಿದಳು. ಆಮೇಲೆ ಅವನ ಮುಖ ನೋಡಿದಳು. ಸೌಟು ಕೆಳಗೆ ಬಿತ್ತು.

ಮೊಮ್ಮಗಳು ಆಂಬುಲೆನ್ಸಿಗೆಂದು ಒಂಬತ್ತು ಒಂದು ಒಂದಕ್ಕೆ ಫೋನು ಮಾಡಿದಳು. ವಿಳಾಸ ಸರಿಯಾಗಿ ಹೇಳಿದಳು. ಮೇಲಕ್ಕೆ ಹೋಗುವ ಮೆಟ್ಟಿಲು ತಿರುವಿನದು, ಸ್ಟ್ರೆಚರ್ ಹಿಡಿಯದು. ಹಿಂಬಾಗಿಲಿನಿಂದಲೇ ತೆಗೆದುಕೊಂಡು ಹೋಗಬೇಕು, ಅಲ್ಲಿ ಮೊಣಕಾಲು ಮುಳುಗುವ ಹಿಮ. ಮೊಮ್ಮಗಳು ದಾರಿ ತೋರಿಸಲು ಮುಂದಿನ ರಸ್ತೆಗೆ ಓಡಿದಳು. ನಾನು ಸಲಿಕೆ ತೆಗೆದುಕೊಂಡು ಹಿಮ ತೋಡಿದೆ. ಮಂಡಿ ನೋವು ಯಾವ ದೇಶಕ್ಕೆ ಹೋಗಿತ್ತೋ. ಎಷ್ಟು ತೋಡಿದರೂ ಎರಡೂ ಕಡೆಯಿಂದ ಜರಿದು ಮತ್ತೆ ತುಂಬಿಕೊಳ್ಳುತ್ತಿತ್ತು. ಒಳಗೆ ಅವಳು ಅವನ ಕೆನ್ನೆ ತಟ್ಟುತ್ತ ಒಂದೇ ಸಮ ಮಾತಾಡುತ್ತಿದ್ದಳು. ಟಿವಿಯಲ್ಲಿ ನೀಲಿಯವರು ಹಾಡುತ್ತಿದ್ದರು. ಅದನ್ನು ಆರಿಸಬೇಕು ಅಂತ ಯಾರಿಗೂ ಹೊಳೆಯಲಿಲ್ಲ.

ಆಂಬುಲೆನ್ಸಿನವರು ಬಂದರು. ಇಬ್ಬರು. ಒಬ್ಬ ಮುದುಕನ ಕೈ ಎತ್ತಿ ಬಿಟ್ಟ, ಅದು ಬಿತ್ತು. ಅವನು ಹೆಂಡತಿಯನ್ನು ಕೇಳಿದ, ಇವರು ಸರಿಯಾಗಿದ್ದುದನ್ನು ಕೊನೆಯ ಸಲ ನೋಡಿದ್ದು ಯಾವಾಗ. ಅವಳಿಗೆ ಅರ್ಥವಾಗುವವರೆಗೆ ಮೂರು ಸಲ ಕೇಳಿದ.

"ಮಾರ್ನಿಂಗ್. ಬ್ರೇಕ್‌ಫಾಸ್ಟ್. ಟೆನ್" ಅಂದಳು. "ಮ್ಯಾಚ್ ಡೇ, ಐ ನೋ ಲುಕ್. ನೋ ಲುಕ್ ಹಿಮ್."

ಅವನು ಬರೆದುಕೊಂಡ. ಆಮೇಲೆ ನನ್ನ ಕಡೆ ತಿರುಗಿದ. "ಮ್ಯಾಮ್, ವರ್ ಯೂ ವಿತ್ ಹಿಮ್?"

ನನಗೆ ಅರ್ಥವಾಯಿತು. ನಾಲ್ಕನೇ ಕ್ಲಾಸು ಓದಿದವಳಾದರೂ ಇಷ್ಟು ವರ್ಷ ಇಲ್ಲಿದ್ದು ಅಷ್ಟು ಅರ್ಥವಾಗದೆ ಇರುತ್ತದೆಯೇ.

"ನೋ ಇಂಗ್ಲಿಷ್" ಅಂದೆ.

ಅವನಿಗೆ ಹೊತ್ತಿರಲಿಲ್ಲ. ಮುದುಕನನ್ನು ಎತ್ತಿಕೊಂಡು ನಾನು ತೋಡಿದ ದಾರಿಯಲ್ಲೇ ಹೋದರು. ಹೆಂಡತಿ ಮನೆಯ ಚಪ್ಪಲಿಯಲ್ಲೇ ಹಿಂದೆ ಹೋದಳು. ಅವಳ ಫೋನು ಅಡುಗೆಮನೆಯಲ್ಲೇ ಉಳಿಯಿತು.

ಮೊಮ್ಮಗಳು ವಾಪಸು ಬಂದು ಕಾರ್ಪೆಟ್ಟಿನ ಮೇಲಿನ ಲೋಟ ನೋಡಿದಳು. "ಅಜ್ಜಿ, ಟೈಮ್ ಹೇಳಿದ್ಯಾ ಅವ್ರಿಗೆ?"

"ಯಾವ ಟೈಮು?"

"ಯಾವಾಗ ಸ್ಟಾರ್ಟ್ ಆಯ್ತು ಅಂತ. ಗೋಲ್ ಆದಾಗ. ಗ್ಲಾಸ್ ಬಿತ್ತಲ್ಲ. ನಮ್ ಹೆಲ್ತ್ ಕ್ಲಾಸ್‌ನಲ್ಲಿ ಹೇಳಿದಾರೆ, ಸ್ಟ್ರೋಕ್‌ಗೆ ಒಂದು ಮೆಡಿಸಿನ್ ಇದೆ, ಬಟ್ ಟೈಮ್ ಗೊತ್ತಿರ್ಬೇಕು. ಲೇಟ್ ಆದ್ರೆ ಕೊಡಲ್ಲ. ಕೊಟ್ರೆ ಬ್ರೇನ್‌ನಲ್ಲಿ ಬ್ಲೀಡ್ ಆಗತ್ತೆ."

"ಅವ್ಳು ಬೆಳಗ್ಗೆ ಹತ್ತು ಗಂಟೆ ಅಂದ್ಲು."

ಅವಳು ನನ್ನನ್ನೇ ನೋಡಿದಳು. "ಹತ್ತು ಅಂದ್ರೆ ಇಟ್ಸ್ ಟೂ ಲೇಟ್, ಅಜ್ಜಿ. ಅವ್ರು ಕೊಡಲ್ಲ. ನೀನ್ ಯಾಕೆ ಹೇಳ್ಲಿಲ್ಲ?"

 ನಾನು ಸಲಿಕೆಯನ್ನು ಗೋಡೆಗೆ ಒರಗಿಸಿದೆ.

ಅವಳು ಆಸ್ಪತ್ರೆಗೆ ಫೋನು ಮಾಡಿದಳು. ಯಂತ್ರ ಮಾತಾಡಿತು, ಒಂದು ಒತ್ತು, ಎರಡು ಒತ್ತು, ಆಮೇಲೆ ಪಿಟೀಲು. ಮುದುಕನ ಮಗನಿಗೆ ಮಾಡಿದಳು. ಅವನು ವಿಮಾನದ ರೆಕ್ಕೆಯ ಮೇಲೆ ಯಂತ್ರದ ತೊಟ್ಟಿಲಲ್ಲಿ ನಿಂತಿದ್ದನೋ ಏನೋ, ಎತ್ತಲಿಲ್ಲ. ಅವಳಮ್ಮನಿಗೆ ಮಾಡಿದಳು. ಮಗಳು ಬೆಲ್ಟ್‌ವೇ ಅನ್ನುವ ಊರು ಸುತ್ತುವ ಹೆದ್ದಾರಿಯಲ್ಲಿ ಕಾರುಗಳ ನಡುವೆ ಸಿಕ್ಕಿಕೊಂಡಿದ್ದಳು.

"ಅಮ್ಮಾ, ನೀನು ಸುಮ್ನೆ ಮನೇಲಿರು, ನಾನು ಬಂದು ನೋಡ್ತೀನಿ" ಅಂತ ಫೋನಿನಲ್ಲಿ ಕೂಗಿದಳು. ಅವಳು ಬರುವ ಹೊತ್ತಿಗೆ ಅಲ್ಲಿ ನೋಡಲು ಏನಿರುತ್ತದೆ.

ನಾನು ಹೊರಗೆ ಬಂದೆ. ಸಾಲಿನ ಕೊನೆಯ ಮನೆಯಲ್ಲಿ ಮಂಗಳೂರಿನ ಕಡೆಯ ಕ್ರಿಶ್ಚಿಯನ್ನರೊಬ್ಬರಿದ್ದಾರೆ, ಕೆಲಸದಿಂದ ನಿವೃತ್ತರಾದವರು. ಆಗ ತಾನೇ ಕಾರಿನ ಮೇಲಿನ ಹಿಮ ಗುಡಿಸುತ್ತಿದ್ದರು. ಹೋಗಿ ಅವರ ಕೋಟು ಹಿಡಿದುಕೊಂಡೆ.

"ಎಂತ ಆಯ್ತು ಆಂಟಿ? ಬಿದ್ರಾ?"

"ಆಸ್ಪತ್ರೆಗೆ ಬಿಡಿ. ಈಗ್ಲೇ. ದಾರೀಲಿ ಹೇಳ್ತೀನಿ."

"ಕೂತ್ಕೊಳ್ಳಿ ಮಾರಾಯ್ರೆ, ಬಿಡ್ತೇನೆ. ಹಿಂದೆ ಕೂತ್ಕೊಳ್ಳಿ."

ದಾರಿಯಲ್ಲಿ ಹೇಳಲಿಲ್ಲ. ಕಾರು ಆಮೆಯ ಹಾಗೆ ಹೋಗುತ್ತಿತ್ತು. ಹಿಮ ತಳ್ಳುವ ಲಾರಿಯೊಂದು ಮುಂದೆ ಸಿಕ್ಕಿಕೊಂಡಿತು, ದಾಟಲು ಜಾಗವಿಲ್ಲ. ಮೊಮ್ಮಗಳು ಪಕ್ಕದಲ್ಲಿ ಫೋನು ಕಿವಿಗಿಟ್ಟುಕೊಂಡು ಪಿಟೀಲು ಕೇಳುತ್ತಿದ್ದಳು. ಸಿಗ್ನಲ್ಲಿಗೆ ನಿಂತಾಗಲೆಲ್ಲ ನನಗೆ ಅವನ ಮಿದುಳು ಒಲೆಯ ಮೇಲೆ ಮರೆತ ಹಾಲಿನ ಹಾಗೆ ಕಾಣುತ್ತಿತ್ತು. ಅಷ್ಟು ಹೊತ್ತು ಯಾರೂ ಇಳಿಸದೆ ಕೂತೇ ಇದ್ದೆವು. ಕಾರು ಓಡಿಸುತ್ತಿದ್ದವರು ಬಾಳೆಹಣ್ಣಿನ ಬೆಲೆ, ಹಿಮ, ಮಗಳ ಮದುವೆ ಅಂತ ಏನೇನೋ ಮಾತಾಡಿ ನನ್ನನ್ನು ಸಮಾಧಾನ ಮಾಡಲು ನೋಡಿದರು.

"ಮಾತಾಡ್ಬೇಡಿ, ಓಡ್ಸಿ" ಅಂದೆ.

"ಆಯ್ತು" ಅಂದರು. ಬೇಜಾರು ಮಾಡಿಕೊಂಡರೋ ಏನೋ, ಆಗ ಅದು ನನಗೆ ಬೇಕಾಗಿರಲಿಲ್ಲ.

ಎಮರ್ಜೆನ್ಸಿಯ ಬಾಗಿಲಲ್ಲಿ ಕಾವಲಿನವನು ತಡೆದ. ಮೊಮ್ಮಗಳು ಅವನಿಗೆ ಏನು ಹೇಳಿದಳೋ, ಬಿಟ್ಟ. ಒಳಗೆ ಹಾದಿಯಲ್ಲಿ ಹೆಂಡತಿ ನಿಂತಿದ್ದಳು, ಒದ್ದೆ ಚಪ್ಪಲಿ, ಕೊರಳಲ್ಲಿ ಇನ್ನೂ ಕೆಂಪು ಶಾಲು. ಅವಳ ಮುಂದೆ ಒಬ್ಬಳು ಡಾಕ್ಟರು, ನನ್ನ ಮಗಳ ವಯಸ್ಸಿನವಳು, ಒಂದು ಕಂಪ್ಯೂಟರ್ ಪರದೆಯಲ್ಲಿ ಇಣುಕುವ ಟರ್ಕಿ ಮಾತಿನ ದುಭಾಷಿಯ ಮೂಲಕ ಏನೋ ಹೇಳುತ್ತಿದ್ದಳು. ಹೆಂಡತಿ ತಲೆ ಆಡಿಸುತ್ತಿದ್ದಳು, ಬೇಡ, ಹಾಗನ್ನಬೇಡ, ಅನ್ನುವ ಹಾಗೆ.

ಮೊಮ್ಮಗಳು ಹೋಗಿ ಡಾಕ್ಟರ ಪಕ್ಕ ನಿಂತು ಮಾತಾಡಿದಳು. ಡಾಕ್ಟರು ನನ್ನ ಕಡೆ ತಿರುಗಿದಳು. ಅವಳು ಕೇಳಿದ್ದನ್ನು ಮೊಮ್ಮಗಳು ಹೇಳಿದಳು. "ಅಜ್ಜಿ, ನೀನು ನೋಡಿದ್ದು ಏನು ಅಂತ ಹೇಳ್ಬೇಕಂತೆ."

ಹೇಳಿದೆ. ರೆಫರಿಯನ್ನು ಬೈದದ್ದು, ಎರಡೂ ಕೈ ಎತ್ತಿದ್ದು, ಗೋಲು, ಬಿದ್ದ ಲೋಟ, ಒಂದು ಕಡೆಯ ನಗು. ಮೊಮ್ಮಗಳು ಇಂಗ್ಲಿಷಿನಲ್ಲಿ ಹೇಳುತ್ತ ಹೋದಳು. ಅವನು ಏಳಲು ಹೋದದ್ದನ್ನು ಹೇಳಿದೆ, ನಾನು ಹೆಗಲು ಅದುಮಿದ್ದನ್ನು ಹೇಳಿದೆ. ಅಲ್ಲಿ ಅವಳ ಮಾತು ನನ್ನ ಮಾತಿಗಿಂತ ಗಿಡ್ಡವಾಯಿತು.

"ಏನ್ ಬಿಟ್ಟೆ ನೀನು?"

"ದಟ್ ಈಸ್ ನಾಟ್ ಇಂಪಾರ್ಟೆಂಟ್ ಅಜ್ಜಿ."

"ಎಲ್ಲಾ ಹೇಳು. ಏಳಕ್ಕೆ ಹೋದ, ನಾನೇ ಕೂರಿಸ್ದೆ ಅಂತ ಹೇಳು. ಆಂಬುಲೆನ್ಸ್‌ನವ್ನು ಕೇಳ್ದಾಗ ಸುಳ್ಳು ಹೇಳ್ದೆ ಅಂತ್ಲೂ ಹೇಳು. ಇಲ್ದಿದ್ರೆ ಈ ಮುದುಕಿ ಈಗ ಬಂದು ಏನೋ ಕಟ್ತಾ ಇದಾಳೆ ಅಂದ್ಕೊಳ್ತಾರೆ."

ಅವಳು ಹೇಳಿದಳು. ಕಣ್ಣೀರು ಸುರಿಯುತ್ತಿತ್ತು, ಆದರೂ ಒಂದೂ ಬಿಡದೆ ಹೇಳಿದಳು. ಪರದೆಯೊಳಗಿನವನು ಅದನ್ನು ಟರ್ಕಿ ಮಾತಿನಲ್ಲಿ ಹೇಳಿದ. ಅವನಿಗೆ ಹೇಳುವುದೇ ಕೆಲಸ, ನಿಲ್ಲಿಸು ಅನ್ನುವವರು ಯಾರೂ ಇರಲಿಲ್ಲ. ಹೆಂಡತಿ ಪೂರಾ ಕೇಳಿಸಿಕೊಂಡಳು. ಕೇಳಿ, ನನ್ನನ್ನು ಬೈಯಲಿಲ್ಲ, ಹೊಡೆಯಲಿಲ್ಲ. ತಿರುಗಿ ಗೋಡೆಗೆ ಹಣೆ ಒತ್ತಿಕೊಂಡು ನಿಂತಳು.

ಡಾಕ್ಟರಿಗೆ ಯಾರು ಕೂರಿಸಿದರು ಅನ್ನುವುದು ಬೇಕಾಗಿರಲಿಲ್ಲ. ಅವಳಿಗೆ ಗಡಿಯಾರ ಬೇಕಿತ್ತು. ಗೋಲು ಎಷ್ಟು ಹೊತ್ತಿಗೆ? ನನಗೆ ಗೊತ್ತಿಲ್ಲ, ಗಡಿಯಾರ ಯಾರು ನೋಡಿದರು. ಮೊಮ್ಮಗಳು ಫೋನು ತೆಗೆದಳು. ಗೋಲು ಬಿದ್ದಾಗ ಗೆಳತಿಗೆ ಕಳಿಸಿದ ಸಂದೇಶ ಅದರಲ್ಲಿತ್ತು. ಅಜ್ಜಿಯ ಟೀಮ್ ಗೋಲು ಹೊಡೆಯಿತು ಅಂತ. ಪಕ್ಕದಲ್ಲಿ ಸಣ್ಣಕ್ಷರದಲ್ಲಿ ಹೊತ್ತು. ಎರಡು ಗಂಟೆ ಇಪ್ಪತ್ತೆರಡು ನಿಮಿಷ.

ಡಾಕ್ಟರು ಅದನ್ನು ನೋಡಿದಳು, ನನ್ನನ್ನು ನೋಡಿದಳು. "ಅದಕ್ಕೆ ಒಂದು ನಿಮಿಷ ಮೊದಲು ಅವರು ಸರಿಯಾಗಿ ಮಾತಾಡಿದರೇ? ನೀವು ಖಂಡಿತ ಹೇಳುತ್ತೀರಾ?" ಮೊಮ್ಮಗಳು ಕನ್ನಡಕ್ಕೆ ತರುವ ಮೊದಲೇ ನನಗೆ ಗೊತ್ತಾಯಿತು. ಖಂಡಿತ ಅಲ್ಲದೆ ಹೌದು ಅಂದರೆ ಆ ಔಷಧಿಯೇ ಅವನನ್ನು ಕೊಲ್ಲಬಹುದು. ಅಲ್ಲ ಅಂದರೆ ಅವನು ಹೀಗೇ ಬಿದ್ದಿರುತ್ತಾನೆ.  ಅವನ ಎರಡೂ ಕೈ ಮತ್ತೆ ಕಣ್ಣ ಮುಂದೆ ತಂದುಕೊಂಡೆ. ಎರಡೂ ಒಂದೇ ಎತ್ತರಕ್ಕೆ ಇದ್ದವೇ? ಇದ್ದವು. ಬೆರಳು ಬಿಡಿಸಿದ್ದವು. ಹತ್ತೂ.

"ಯೆಸ್" ಅಂದೆ. ನನಗೆ ಇಂಗ್ಲಿಷ್ ಬಂತು.

ಅವಳು ಓಡಿದಳು.

ಆಮೇಲಿನದ್ದು ಕಾಯುವುದು. ಕುರ್ಚಿಗಳಿದ್ದವು. ಮೊಮ್ಮಗಳು ಕೂರು ಅಜ್ಜಿ ಅಂದಳು. ಕೂರಲಿಲ್ಲ. ಹೆಂಡತಿಯೂ ಕೂರಲಿಲ್ಲ. ಅವಳು ಗೋಡೆಯ ಆ ಕಡೆ, ನಾನು ಈ ಕಡೆ. ಅವನು ಸತ್ತರೆ ಅವಳ ಪಕ್ಕದ ಮನೆಯಲ್ಲಿ, ಒಂದೇ ಗೋಡೆಯ ಈಚೆ ಮಗ್ಗುಲಲ್ಲಿ, ನಾನು ಹೇಗೆ ಉಸಿರಾಡಲಿ ಅಂತ ಯೋಚಿಸಿದೆ. ಅವನಿಗಾಗಿ ಯೋಚಿಸಿದ್ದಕ್ಕಿಂತ ಹೆಚ್ಚು ನನಗಾಗಿ ಯೋಚಿಸಿದೆ. ಇದ್ದದ್ದನ್ನು ಬರೆಯುತ್ತಿದ್ದೇನೆ. ದೇವರಿಗೆ ಹರಕೆ ಕಟ್ಟಲು ನೋಡಿದೆ, ಬಾಯಿ ಬರಲಿಲ್ಲ. ಕೂತರೆ ಹೀಗೆ, ನಿಂತರೆ ಹಾಗೆ ಅಂತ ಲೆಕ್ಕ ಹಾಕಿಯೇ ಇಲ್ಲಿಗೆ ಬಂದದ್ದು. ಇನ್ನು ಯಾರ ಹತ್ತಿರ ಏನು ಕಟ್ಟಿಕೊಳ್ಳಲಿ.

ಔಷಧಿ ಕೊಟ್ಟರು. ಮುದುಕ ಬದುಕಿದ. ಮೊದಲಿನ ಹಾಗೆ ಅಲ್ಲ. ಬಲಗಾಲು ಎಳೆಯುತ್ತಾನೆ, ಬಲಗೈಯಲ್ಲಿ ಲೋಟ ನಿಲ್ಲುವುದಿಲ್ಲ, ಮಾತು ತುಂಡು ತುಂಡಾಗಿ ಬರುತ್ತದೆ. ಇನ್ನೂ ಬೇಗ ತಂದಿದ್ದರೆ ಇಷ್ಟೂ ಆಗುತ್ತಿರಲಿಲ್ಲವೇ ಅಂತ ನಾನು ಮೊಮ್ಮಗಳಿಂದ ಡಾಕ್ಟರನ್ನು ಕೇಳಿಸಿದೆ. ಅದನ್ನು ಹೇಳಲಾಗದು ಅಂದಳಂತೆ. ಮೊಮ್ಮಗಳು ಹಾಗೆ ಹೇಳಿದಳು. ಅವಳು ಗಿಡ್ಡ ಮಾಡಿ ಹೇಳಿದಳೋ ಪೂರಾ ಹೇಳಿದಳೋ, ಆ ಸಲ ನಾನು ಕೆದಕಲಿಲ್ಲ.

ಮೂರು ತಿಂಗಳು ಅವನ ಹೆಂಡತಿ ನನ್ನ ಮುಖ ನೋಡಲಿಲ್ಲ. ಅವಳ ತಟ್ಟೆಯೊಂದು ನಮ್ಮ ಮನೆಯಲ್ಲಿ ಉಳಿದಿತ್ತು. ನಿಪ್ಪಟ್ಟು ಹಾಕಿ ಕೊಡಲು ಎರಡು ಸಲ ಹಿಂಬಾಗಿಲವರೆಗೆ ಹೋಗಿ ವಾಪಸು ಬಂದೆ. ಮೂರನೆಯ ಸಲ ಖಾಲಿ ತಟ್ಟೆಯನ್ನು ಮೆಟ್ಟಿಲ ಮೇಲಿಟ್ಟು ಬಂದೆ. ಅದು ಅಲ್ಲೇ ನಾಲ್ಕು ದಿನ ಇತ್ತು.

ಆಮೇಲೆ ಒಂದು ಮಧ್ಯಾಹ್ನ ಗೋಡೆ ತಟ್ಟಿದ ಸದ್ದಾಯಿತು. ನಿಧಾನವಾಗಿ, ಎಡಗೈಯವನ ತಟ್ಟು. ಮಗಳು ಮನೆಯಲ್ಲೇ ಇದ್ದಳು. "ಹೋಗ್ಬೇಡ ಅಮ್ಮ, ಯಾಕ್ ಬೇಕು ನಿಂಗೆ ಮತ್ತೆ ಅದು" ಅಂದಳು. ಹೋದೆ. ಬೈದರೆ ಬೈಸಿಕೊಂಡು ಬರುವುದು ಅಂತ ಹೋದೆ.

ನೀಲಿಗೂ ಕೆಂಪಿಗೂ ಆಟ. ಮುದುಕ ತನ್ನ ಕುರ್ಚಿಯಲ್ಲಿ. ನನ್ನನ್ನು ನೋಡಿ ಎಡಗೈಯಿಂದ ಕಿಟಕಿಯ ಪಕ್ಕದ ನನ್ನ ಕುರ್ಚಿ ತೋರಿಸಿದ. ನಾನು ಹೆಜ್ಜೆ ಇಡುವ ಮೊದಲೇ ಅವನ ಹೆಂಡತಿಯ ದನಿ ಬಂತು.

"ಯೂ ನೋ ಸಿಟ್."

ಅವಳು ಮೇಲೆ ಅಡುಗೆಮನೆಯಲ್ಲಿ ಇರಲಿಲ್ಲ. ಕೆಂಪು ಶಾಲು ಹಾಕಿಕೊಂಡು, ಒಂದು ಮೋಟು ಸ್ಟೂಲು ಎಳೆದುಕೊಂಡು, ಅವನ ಮಂಡಿಗೆ ತನ್ನ ಮಂಡಿ ತಾಗುವಷ್ಟು ಹತ್ತಿರ ಕುಳಿತಿದ್ದಳು. ಅವನಿಗೆ ಎದುರಾಗಿ. ಟಿವಿಗೆ ಬೆನ್ನು ಹಾಕಿ.

"ಯೂ ಸ್ಟ್ಯಾಂಡ್" ಅಂದಳು. ನನ್ನ ಕಡೆ ತಿರುಗಲಿಲ್ಲ.

ನಿಂತೆ. ಮಂಡಿ ಚುಚ್ಚುತ್ತಿತ್ತು, ಚುಚ್ಚಲಿ. ಅವನು ಹಾದಿ ಬಿಡು, ಕಾಣಿಸುವುದಿಲ್ಲ ಅನ್ನುವ ಹಾಗೆ ತಲೆ ಆ ಕಡೆ ಈ ಕಡೆ ಮಾಡಿ ಅವಳ ಹೆಗಲ ಮೇಲಿಂದ ಆಟ ನೋಡುತ್ತಿದ್ದ. ಅವಳು ಅವನ ಬಾಯಿಯ ಎರಡೂ ಮೂಲೆ ನೋಡುತ್ತಿದ್ದಳು. ಅರ್ಧ ಆಟ ಕಳೆದಿರಬೇಕು, ಟಿವಿಯಲ್ಲಿ ಜನ ಭೋರೆಂದು ಎದ್ದು ನಿಂತರು. ಗೋಲು ಬಿದ್ದಿತ್ತು. ಯಾರದ್ದು ಅಂತ ತಿರುಗಿ ನೋಡಲಿಲ್ಲ ಅವಳು.